ತುದಿ ಬ್ರೆಡ್ಡು

ಅತ್ತೆ ಬ್ರೆಡ್ಡಿನ ಖಾಲಿ ಕವರೊಂದನ್ನು ನನ್ನ ಜೆರಾಕ್ಸ್ ಮಷೀನಿನ ಗಾಜಿನ ಮೇಲೆ ಪಟ್ಟೆಂದು ಬಡಿದು, "ಇದನ್ನ ದೊಡ್ಡದು ಮಾಡಿ ಕೊಡು. ಎಷ್ಟು ದೊಡ್ಡದಾಗುತ್ತೋ ಅಷ್ಟು" ಎಂದಳು. ಅಂಕಪಟ್ಟಿಯ ನಕಲಿಗೆಂದು ಬಂದು ನಿಂತಿದ್ದ ಇಬ್ಬರು ಗಿರಾಕಿಗಳು ತಾವಾಗಿಯೇ ಒಂದು ಹೆಜ್ಜೆ ಹಿಂದೆ ಸರಿದರು. ಬುದ್ಧಿವಂತರು. ನನ್ನ ಅತ್ತೆಯ ಮುಖ ಆ ಬಣ್ಣಕ್ಕೆ ತಿರುಗಿದಾಗ ದೂರ ನಿಲ್ಲುವುದು ಲೇಸು ಎಂದು ತಿಳಿಯಲು ಅವಳ ಪರಿಚಯ ಇರಬೇಕಾಗಿಲ್ಲ.

ಕವರಿನ ಹಿಂಬದಿಯಲ್ಲಿ ಒಂದು ಚೌಕ. ಅದರೊಳಗೆ ಬಣ್ಣದ ಅಕ್ಷರದಲ್ಲಿ "ಮನೆಯ ಕೈರುಚಿ: ಫ್ರೆಂಚ್ ಟೋಸ್ಟ್. ನಮ್ಮ ಕೆಲಸಗಾರ್ತಿಯೊಬ್ಬರ ತಾಯಿ ಮಾಡುತ್ತಿದ್ದ ರೀತಿ" ಎಂದು ಬರೆದಿತ್ತು. ಪಕ್ಕದಲ್ಲಿ ಬಿಳಿ ಕೂದಲಿನ ಅಜ್ಜಿಯೊಬ್ಬಳು ನಗುತ್ತಿದ್ದಳು. ಅದು ನನ್ನ ಅಜ್ಜಿಯಲ್ಲ. ನನ್ನ ಅಜ್ಜಿಗೆ ಅಷ್ಟು ಹಲ್ಲೂ ಇರಲಿಲ್ಲ, ಅಷ್ಟು ನಗುವಂಥದ್ದೇನೂ ಆಗಿರಲಿಲ್ಲ.

ನಾನು ಜೋರಾಗಿ ಓದಿದೆ. "ನಮ್ಮ ತಾಜಾ, ಮೃದುವಾದ ಸ್ಲೈಸ್‌ಗಳನ್ನು ತೆಗೆದುಕೊಳ್ಳಿ. ಬೆಚ್ಚಗಿನ ಸಿಹಿ ಹಾಲಿನಲ್ಲಿ, ನೀವು ಮುಖ ತೊಳೆದು ಬರುವಷ್ಟು ಹೊತ್ತು ನೆನೆಸಿ." ಅಲ್ಲಿಗೆ ಓದು ನಿಲ್ಲಿಸಿದೆ. "ಅಯ್ಯೋ ಅತ್ತೆ, ತಾಜಾ ಸ್ಲೈಸನ್ನ ಅಷ್ಟು ಹೊತ್ತು ನೆನೆಸಿದ್ರೆ ಉಳಿಯೋದೇನು?"

"ಗೋಂದು" ಎಂದಳು ಅತ್ತೆ. "ಎದುರು ಮನೆ ದರ್ಜಿ ನಿನ್ನೆ ಮಾಡಿ ನೋಡಿದನಂತೆ. 'ಏನಮ್ಮ, ನಿಮ್ಮ ತಾಯಿ ಇದನ್ನ ತಿನ್ನೋಕೆ ಹೇಳ್ಕೊಟ್ರೋ, ಗೋಡೆಗೆ ಪೋಸ್ಟರ್ ಅಂಟಿಸೋಕೆ ಹೇಳ್ಕೊಟ್ರೋ' ಅಂತ ಬೀದೀಲಿ ನಿಂತು ಕೇಳ್ತಾನೆ. ಬದುಕಿದ್ದಾಗ ಅವಳನ್ನ ಕಳ್ಳಿ ಅಂದ್ರು. ಸತ್ತ ಮೇಲೆ ಅಡುಗೆ ಬಾರದವಳು ಅಂತ ಮಾಡಿದ್ರು. ಇವರ ಮನೆ ಹಾಳಾಗ!"

ಈ ಮಾತು ಅರ್ಥವಾಗಬೇಕಾದರೆ ನನ್ನ ಅತ್ತೆ ಯಾರು, ಅವಳ ಕೆಲಸವೇನು ಎಂಬುದು ತಿಳಿದಿರಬೇಕು. ಅವಳು ನನ್ನ ಅಪ್ಪನ ಅಕ್ಕ. ಮದುವೆಯಾಗಲಿಲ್ಲ; ಕೇಳಿದವರಿಗೆ "ನನ್ನ ಜೊತೆ ಬಾಳೋನು ಇನ್ನೂ ಹುಟ್ಟಿಲ್ಲ, ಹುಟ್ಟಿದ್ರೂ ಓಡಿಹೋಗಿರ್ತಾನೆ" ಎನ್ನುತ್ತಾಳೆ. ಬ್ರೆಡ್ ಕಾರ್ಖಾನೆಯಲ್ಲಿ ಸ್ಲೈಸ್ ಮಾಡುವ ಮಷೀನಿನ ಮುಂದೆ ಮೂವತ್ತೆಂಟು ವರ್ಷದಿಂದ ನಿಂತಿದ್ದಾಳೆ. ಇಡೀ ಬ್ರೆಡ್ಡು ಒಂದು ಕಡೆಯಿಂದ ಬೆಲ್ಟಿನ ಮೇಲೆ ಬರುತ್ತದೆ, ಸಾಲಾಗಿ ನಿಂತ ಬ್ಲೇಡುಗಳ ನಡುವೆ ತೂರಿ ಇನ್ನೊಂದು ಕಡೆ ಹೋಳಾಗಿ ಹೊರಬೀಳುತ್ತದೆ. ಬ್ಲೇಡು ಮೊಂಡಾಗಿದೆಯೇ ಎಂಬುದನ್ನು ಅವಳು ಸದ್ದಿನಿಂದಲೇ ಹೇಳುತ್ತಾಳೆ. ಕಾರ್ಖಾನೆಯಲ್ಲಿ ಅವಳಿಗೆ ಗರಗಸದಮ್ಮ ಎಂದು ಹೆಸರು. ಮಷೀನು ನೋಡಿ ಇಟ್ಟರೋ ನಾಲಿಗೆ ನೋಡಿ ಇಟ್ಟರೋ ನಾನು ವಿಚಾರಿಸಲು ಹೋಗಿಲ್ಲ.

ಪ್ರತಿ ಬ್ರೆಡ್ಡಿಗೂ ಎರಡು ತುದಿಗಳಿರುತ್ತವೆ. ಪ್ರತಿ ತುದಿಯ ಒಂದು ಬದಿ ಮೆತ್ತಗೆ, ಇನ್ನೊಂದು ಬದಿ ಪೂರ್ತಿ ಗಟ್ಟಿಯಾದ ಕಂದು ಮೈ. "ನಮ್ಮ ಪ್ಯಾಕೆಟ್ಟಿನಲ್ಲಿ ತುದಿ ಇರುವುದಿಲ್ಲ" ಎಂಬುದೇ ಆ ಕಂಪನಿಯ ದೊಡ್ಡಸ್ತಿಕೆ. ಹಾಗಾಗಿ ಮಷೀನು ತುದಿಗಳನ್ನು ಕೆಳಗಿನ ತಟ್ಟೆಗೆ ತಳ್ಳುತ್ತದೆ, ಸಂಜೆ ಹಂದಿ ಸಾಕುವವನ ಗಾಡಿ ಬಂದು ಮೂಟೆ ಮೂಟೆ ಹೊತ್ತೊಯ್ಯುತ್ತದೆ. ಹಂದಿ ತಿನ್ನಬಹುದು. ಆದರೆ ಅದನ್ನು ಕತ್ತರಿಸುವವರು ಮನೆಗೆ ಒಯ್ಯುವ ಹಾಗಿಲ್ಲ. ಈ ನಿಯಮವನ್ನು ಬರೆದ ಮಹಾನುಭಾವ ಯಾರೋ, ಅವನ ತಲೆಯಲ್ಲಿ ಏನು ತುಂಬಿತ್ತೋ, ನನಗೆ ಇವತ್ತಿಗೂ ತಿಳಿದಿಲ್ಲ.

ಅಜ್ಜಿ ಅದೇ ಮಷೀನಿನ ಮುಂದೆ ಅತ್ತೆಗಿಂತ ಮೊದಲು ನಿಂತಿದ್ದವಳು. ಗಂಡ ಇರಲಿಲ್ಲ, ಮಕ್ಕಳಿಬ್ಬರು. ಅವಳು ತುದಿಗಳನ್ನು ಮನೆಗೆ ತರುತ್ತಿದ್ದಳು. ನಮ್ಮ ಮನೆಯ ಮೊಟ್ಟೆ ಬ್ರೆಡ್ಡು ಹುಟ್ಟಿದ್ದು ಹಾಗೆ. ಅದಕ್ಕೆ ಫ್ರೆಂಚ್ ಎಂಬ ದೊಡ್ಡ ಹೆಸರಿದೆ ಎಂದು ನಮಗೆ ಗೊತ್ತಾದದ್ದೇ ಈ ಕವರಿನಿಂದ. ತುದಿಯನ್ನು ಎರಡು ದಿನ ತೆರೆದಿಟ್ಟು ಒಣಗಿಸಬೇಕು. ಕಂದು ಮೈಯನ್ನು ಫೋರ್ಕಿನಿಂದ ಎಂಟು ಹತ್ತು ಕಡೆ ಚುಚ್ಚಬೇಕು, ಇಲ್ಲವಾದರೆ ಹಾಲು ಒಳಗಿಳಿಯುವುದಿಲ್ಲ. ಆ ಚುಚ್ಚಿದ ಮೈಯನ್ನು ಕೆಳಗೆ ಮಾಡಿ ಬೆಚ್ಚಗಿನ ಸಿಹಿ ಹಾಲಿನಲ್ಲಿ ಮಲಗಿಸಿ, ಹೋಗಿ ನಿಧಾನವಾಗಿ ಮುಖ ತೊಳೆದು ಬರಬೇಕು. ಹಾಲಿಗೆ ಒಂದು ಚಿಟಿಕೆ ಉಪ್ಪು. ನಾಲ್ಕು ತುದಿಗೆ ಒಂದೇ ಮೊಟ್ಟೆ, ಆದರೆ ನೊರೆ ಬರುವ ತನಕ ಕಡೆದದ್ದು. ಅದರಲ್ಲಿ ಅದ್ದಿ, ಸಣ್ಣ ಉರಿಯಲ್ಲಿ ಬೆಣ್ಣೆ ಸವರಿದ ಕಾವಲಿಯ ಮೇಲೆ ಗಟ್ಟಿ ಮೈ ಕೆಳಗಾಗಿ ಇಟ್ಟು ಮುಚ್ಚಳ ಮುಚ್ಚಬೇಕು. ಕೊನೆಗೆ ಮೆತ್ತನೆಯ ಬದಿಗೆ ಸಕ್ಕರೆ ಉದುರಿಸಿ ಒಮ್ಮೆ ಮಗುಚಿದರೆ ಅದು ಕರಗಿ ಕಂದಾಗಿ ಗರಿಗರಿ ಪದರವಾಗುತ್ತದೆ. ಹೊರಗೆ ಕಟುಂ ಎನ್ನುತ್ತದೆ, ಒಳಗೆ ನಾಲಿಗೆಗೆ ಸಿಗುವ ಮೊದಲೇ ಇಳಿಯುತ್ತದೆ. ತಾಜಾ ಸ್ಲೈಸಿನಲ್ಲಿ ಇದನ್ನು ಮಾಡುತ್ತೇನೆ ಎನ್ನುವವನು ಕಾಗದದ ದೋಣಿಯಲ್ಲಿ ಸಂಸಾರ ಹೂಡಲಿ.

ಅಜ್ಜಿ ತುದಿ ತರುತ್ತಿದ್ದುದು ಒಂದು ದಿನ ಸಿಕ್ಕಿಬಿತ್ತು. ಪಾಳಿ ಮುಗಿದು ಹೆಂಗಸರು ಗೇಟಿನಲ್ಲಿ ಸಾಲು ನಿಂತಿದ್ದಾಗ ಹೊಸದಾಗಿ ಅಧಿಕಾರಕ್ಕೆ ಬಂದ ಯಜಮಾನರ ಮಗ ಎದುರು ನಿಂತು ಅವಳ ಬಟ್ಟೆಚೀಲವನ್ನು ನೆಲಕ್ಕೆ ಸುರಿಸಿದ. ಆರು ತುದಿಗಳು ಮಣ್ಣಿಗೆ ಬಿದ್ದವು. "ಕಳ್ಳಿ" ಎಂದ. ಮರುದಿನದಿಂದ ಕೆಲಸವಿಲ್ಲ. ಆಮೇಲೆ ಅಜ್ಜಿ ಒಂದು ಹಾಸ್ಟೆಲ್ಲಿನಲ್ಲಿ ಪಾತ್ರೆ ತಿಕ್ಕಿ ಬದುಕಿದಳು. ಸಾಯುವ ತನಕ ಆ ಕಾರ್ಖಾನೆಯ ರಸ್ತೆಯಲ್ಲಿ ನಡೆಯಲಿಲ್ಲ. ಮಾರುಕಟ್ಟೆಗೆ ಹೋಗಲು ಅರ್ಧ ಊರು ಸುತ್ತುತ್ತಿದ್ದಳು. ಅತ್ತೆಗೆ ಆಗ ಹದಿನೆಂಟು, ಅದೇ ಕಾರ್ಖಾನೆಗೆ ಸೇರಿ ಆರು ತಿಂಗಳಾಗಿತ್ತು. ಅವತ್ತು ಅವಳದು ಬೇರೆ ಪಾಳಿ, ಮನೆಯಲ್ಲಿದ್ದಳು ಎಂದೇ ಅಪ್ಪ ನನಗೆ ಹೇಳಿದ್ದರು.

ಅತ್ತೆ ಕೆಲಸ ಬಿಡಲಿಲ್ಲ. ಬಿಡಬೇಡ ಎಂದವಳು ಅಜ್ಜಿಯೇ. ತುದಿ ತರುವುದನ್ನೂ ಬಿಡಲಿಲ್ಲ, ಊಟದ ಡಬ್ಬಿಯಲ್ಲಿ ತಂದಳು. "ಕಳ್ಳಿ ಮಗಳು ಅಂತ ಹೆಸರು ಬಂದಾಯ್ತು, ಇನ್ನು ತರದೇ ಇದ್ರೆ ಹೆಸರಿಗೇ ಅವಮಾನ" ಎನ್ನುತ್ತಿದ್ದಳು. ಆದರೆ ಮನೆಯಿಂದ ಹೊರಗೆ ಯಾರೂ ತುದಿ ಎಂಬ ಶಬ್ದ ಎತ್ತುವಂತಿರಲಿಲ್ಲ. ನಾನು ಎರಡನೇ ಕ್ಲಾಸಿನಲ್ಲಿ ಟೀಚರ್ ಮುಂದೆ "ನಾವು ತುದಿ ತಿಂತೀವಿ" ಎಂದು ಬಾಯಿಬಿಟ್ಟೆನೆಂದು ತಿಳಿದಾಗ ಅತ್ತೆ ನನ್ನ ತೊಡೆಗೆ ಕೊಟ್ಟ ಚಿವುಟಿನ ಉರಿ ಮೂರು ದಿನ ಇತ್ತು. ಹೊರಗೆ ನಾವು ಬ್ರೆಡ್ಡು ತಿನ್ನುವವರು, ಅಷ್ಟೇ. ಸರಿಯಾದ ಬ್ರೆಡ್ಡು.

ಹೀಗಿರುವಾಗ ಕಂಪನಿಗೆ ಯಾವುದೋ ವರ್ಷ ತುಂಬಿತು. ಪ್ರಚಾರ ವಿಭಾಗದ ಮೇಡಂ ಒಬ್ಬರು ಫೋನು ಹಿಡಿದು ಕೆಲಸಗಾರರ ನಡುವೆ ಓಡಾಡಿ, ಬ್ರೆಡ್ಡಿನಲ್ಲಿ ಮಾಡುವ ಮನೆ ತಿಂಡಿ ಹೇಳಿ, ಕವರಿನ ಮೇಲೆ ಹಾಕುತ್ತೇವೆ ಎಂದರು. ಅತ್ತೆ ಹೇಳಿ ಬಂದಳು. ಬಂದ ಸಂಜೆ ಅವಳು ಹಾಗೆ ಮೈತುಂಬ ಸಂತೋಷಪಟ್ಟದ್ದನ್ನು ನಾನು ಮೊದಲ ಸಲ ನೋಡಿದೆ. "ಯಾವ ಗೇಟಿನಿಂದ ಅಮ್ಮನ್ನ ಹೊರಗೆ ತಳ್ಳಿದ್ರೋ ಅದೇ ಗೇಟಿನಿಂದ ಇನ್ನು ಲಾರಿ ಲಾರಿ ಅಮ್ಮನ ಮೊಟ್ಟೆ ಬ್ರೆಡ್ಡು ಹೋಗುತ್ತೆ ಕಣೇ. ಸಾವಿರ ಮನೇಲಿ ಮಾಡ್ತಾರೆ. ತುದಿ ಅಂದ್ರೇನು ಅಂತ ಜನಕ್ಕೆ ಗೊತ್ತಾಗುತ್ತೆ."

ಆದದ್ದು ಈ ಕವರು. ತುದಿಯ ಸುದ್ದಿಯಿಲ್ಲ, ಚುಚ್ಚುವ ಸುದ್ದಿಯಿಲ್ಲ, ಒಣಗಿಸುವ ಸುದ್ದಿಯಿಲ್ಲ. ನನಗೂ ಸಿಟ್ಟು ನೆತ್ತಿಗೇರಿತು. ನಮ್ಮ ಮನೆಯಲ್ಲಿ ಅದೊಂದು ಧಾರಾಳವಾಗಿ ಹಂಚಿಕೆಯಾಗಿದೆ. ಕವರನ್ನು ಹಾಳೆಯಷ್ಟು ದೊಡ್ಡದು ಮಾಡಿ ಕೊಟ್ಟೆ, ಅಂಗಡಿಯ ಬಾಗಿಲೆಳೆದು ಅವಳ ಜೊತೆಗೇ ಹೊರಟೆ. ಒಬ್ಬಳನ್ನೇ ಕಳಿಸಲು ಹೆದರಿಕೆಯಾಯಿತು. ಹೆದರಿಕೆ ಮೇಡಂ ಪರವಾಗಿ.

ಮೇಡಂ ಕೂರುವುದು ಗಾಜಿನ ಕೋಣೆಯಲ್ಲಿ. ಆ ಕಿಟಕಿಯಿಂದ ಲಾರಿ ನಿಲ್ಲುವ ಅಂಗಳ, ಕಬ್ಬಿಣದ ಗೇಟು, ಕಾವಲುಗಾರನ ಸ್ಟೂಲು ಎಲ್ಲ ಕಾಣುತ್ತದೆ. ಅತ್ತೆ ಹಾಳೆಯನ್ನು ಮೇಜಿನ ಮೇಲೆ ಹರಡಿ, ಕುರ್ಚಿ ತೋರಿಸಿದರೂ ಕೂರದೆ ಶುರು ಮಾಡಿದಳು.

"ಇದನ್ನ ಯಾರು ಬದಲಾಯಿಸಿದ್ದು ಮೇಡಂ? ನೀವಾ? ಒಂದು ದಿನ ಕಾವಲಿ ಮುಟ್ಟಿ ಗೊತ್ತಾ ನಿಮಗೆ? ನಮ್ಮಮ್ಮನ ಹೆಸರು ಹೇಳ್ಕೊಂಡು ಊರಿಗೆಲ್ಲ ಗೋಂದು ತಿನ್ನಿಸ್ತಿದ್ದೀರಲ್ಲ!"

"ಅಮ್ಮ, ದಯವಿಟ್ಟು ಕೂತ್ಕೊಳ್ಳಿ. ನಮಗೂ ತುಂಬ ದೂರು ಬಂದಿವೆ. ಆದ್ರೆ ನಾವು ಒಂದಕ್ಷರ ಬದಲಾಯಿಸಿಲ್ಲ."

"ಸುಳ್ಳು!"

ಮೇಡಂ ಪಾಪ ಒಳ್ಳೆಯವರೇ. ದನಿ ಏರಿಸಲಿಲ್ಲ. ಫೋನು ತೆಗೆದು, ಅವತ್ತು ರೆಕಾರ್ಡ್ ಮಾಡಿಕೊಂಡದ್ದನ್ನು ಹಾಕಿದರು. ಮೊದಲು ಮಷೀನುಗಳ ಗಡಗಡ. ಆಮೇಲೆ ಮೇಡಂ ದನಿ: "ಎಂಥ ಬ್ರೆಡ್ ತಗೋಬೇಕು ಅಮ್ಮ?" ಆಮೇಲೆ ಸ್ವಲ್ಪ ಹೊತ್ತು ಬರೀ ಗಡಗಡ. ಆಮೇಲೆ ನನ್ನ ಅತ್ತೆಯ ದನಿ. ಅಷ್ಟು ಮೆತ್ತಗಿನ, ಅಷ್ಟು ವಿನಯದ ದನಿ ಅವಳಲ್ಲಿದೆ ಎಂದೇ ನನಗೆ ಗೊತ್ತಿರಲಿಲ್ಲ. "ಒಳ್ಳೇದೇ ತಗೋಬೇಕು ಮೇಡಂ. ನಮ್ಮ ಕಂಪನಿದೇ. ತಾಜಾ ಸ್ಲೈಸು. ಮೆತ್ತಗಿರೋದು."

ಅತ್ತೆ ಕುರ್ಚಿಯ ಮೇಲೆ ಕುಸಿದಳು. ಮೇಡಂ ನೀರಿನ ಲೋಟ ಮುಂದಿಟ್ಟರು. ಅವಳು ಮುಟ್ಟಲಿಲ್ಲ.

ದಾರಿಯಲ್ಲಿ ನಾನು ಬಿಡಲಿಲ್ಲ. ಎಂಟು ತಲೆಮಾರಿಗೆ ಸಾಲುವಷ್ಟು ಸಿಟ್ಟು ಬಂದಿತ್ತು ನನಗೆ, ಅದೂ ಅವಳ ಮೇಲೆ. "ನೀನೇ ಹೇಳಿದ್ಯಲ್ಲ ಅತ್ತೆ! ಅವರ ಮುಂದೆ ಹೋಗಿ ಹಾರಾಡಿದ್ದೇನು, ನಾನೂ ತಲೆ ತಗ್ಗಿಸೋ ಹಾಗೆ ಮಾಡಿದ್ದೇನು! ತುದಿ ಅಂತ ಒಂದು ಮಾತು ಹೇಳೋಕೆ ನಿನ್ನ ಗಂಟೇನು ಹೋಗ್ತಿತ್ತು?"

"ಬಾಯಿಗೆ ಬರಲಿಲ್ಲ ಕಣೇ. ಅವತ್ತು ಮಷೀನಿನ ಹತ್ರ ನಿಂತು ಕೇಳಿದಾಗ ಅವರ ಹಿಂದೆ ಕಿಟಕೀಲಿ ಗೇಟು ಕಾಣ್ತಿತ್ತು."

"ಗೇಟು ಕಂಡ್ರೆ? ಸಿಕ್ಕಿಬಿದ್ದಿದ್ದು ಅಜ್ಜಿ, ನೀನಲ್ಲ. ಕುಂಬಳಕಾಯಿ ಕಳ್ಳ ಅಂದ್ರೆ ಹೆಗಲು ಮುಟ್ಟಿ ನೋಡ್ಕೊಂಡ ಹಾಗಾಯ್ತು ನಿನ್ನ ಕತೆ."

ಅವಳು ನಡುರಸ್ತೆಯಲ್ಲಿ ನಿಂತಳು. ಹೊಡೆಯುತ್ತಾಳೆ ಎಂದುಕೊಂಡೆ. ಹೊಡೆಯಲಿಲ್ಲ. ನನ್ನನ್ನು ಅಲ್ಲೇ ಬಿಟ್ಟು ಬೇರೆ ರಸ್ತೆ ಹಿಡಿದು ಮನೆಗೆ ಹೋದಳು, ಎರಡು ದಿನ ಯಾರ ಜೊತೆಗೂ ಮಾತಾಡಲಿಲ್ಲ. ಅಪ್ಪ ನನ್ನನ್ನು ಬೈದರು. "ಅವಳ ಬಾಯಿ ನಿಲ್ಲಿಸೋಕೆ ನಲವತ್ತು ವರ್ಷದಿಂದ ನಾನು ನೋಡ್ತಿದ್ದೀನಿ, ಆಗಿರಲಿಲ್ಲ. ಅಂಥದ್ದೇನು ಅಂದೆ ನೀನು?"

ಮೂರನೆಯ ದಿನ ಮೇಡಂ ಫೋನು ಮಾಡಿದರು. ದೂರುಗಳು ನಿಲ್ಲುತ್ತಿಲ್ಲವಂತೆ. ಬರುವ ಶನಿವಾರ ಬೆಳಿಗ್ಗೆ ಪ್ಯಾಕಿಂಗ್ ಹಾಲ್‌ನಲ್ಲಿ ಕೆಲಸಗಾರರೆಲ್ಲ ಸೇರುತ್ತಾರೆ, ದೊಡ್ಡ ಯಜಮಾನರೂ ಬರುತ್ತಾರೆ. ಅತ್ತೆ ಎಲ್ಲರ ಮುಂದೆ ತನ್ನ ಕೈಯಾರೆ ಮಾಡಿ ತೋರಿಸಿದರೆ ವಿಡಿಯೋ ತೆಗೆದು, ಅದರಂತೆ ಕವರನ್ನು ತಿದ್ದಿ ಮತ್ತೆ ಅಚ್ಚು ಹಾಕಿಸುತ್ತಾರೆ. ಮನೆಯವರೂ ಬರಬಹುದು.

"ಬರ್ತೀನಿ" ಎಂದಳು ಅತ್ತೆ. ಫೋನಿಟ್ಟು ನನ್ನ ಕಡೆ ನೋಡದೆ ಹೇಳಿದಳು, "ಅವಳು ಕದ್ದಿಲ್ಲ ಅಂತ ಅಲ್ಲಿ ಎಲ್ಲರೆದುರು ಹೇಳ್ತೀನಿ. ಕೆಲಸ ಹೋದ್ರೆ ಹೋಗಲಿ. ಈ ಸಲ ಬಾಯಿಗೆ ಬರದೇ ಇದ್ರೆ ನಾಲಿಗೆ ಕಿತ್ತು ಹಂದಿ ಗಾಡಿಗೆ ಹಾಕು."

ಶನಿವಾರ ಪ್ಯಾಕಿಂಗ್ ಹಾಲ್‌ನ ಬೆಲ್ಟುಗಳನ್ನು ನಿಲ್ಲಿಸಿದ್ದರು. ಸದ್ದಿಲ್ಲದ ಆ ಜಾಗ ಯಾರದೋ ಖಾಲಿ ಮನೆಯ ಹಾಗಿತ್ತು. ನಡುವೆ ಉದ್ದನೆಯ ಮೇಜು, ಬಿಳಿ ಬಟ್ಟೆ, ಒಂದು ಗ್ಯಾಸ್ ಒಲೆ, ಹೊಸ ಕಾವಲಿ, ಹಾಲು, ಮೊಟ್ಟೆ, ಬೆಣ್ಣೆ. ಸುತ್ತ ಎಂಬತ್ತು ತೊಂಬತ್ತು ಜನ, ಹೆಚ್ಚಿನವರು ಹೆಂಗಸರು, ತಲೆಗೆ ಬಲೆಟೋಪಿ ಹಾಕಿದವರು ಹಾಗೆಯೇ ನಿಂತಿದ್ದರು. ಮುಂದಿನ ಸಾಲಿನಲ್ಲಿ ಅತ್ತೆಯ ಒಬ್ಬಳೇ ಗೆಳತಿ, ಪ್ಯಾಕಿಂಗ್ ಅಕ್ಕ. ಅತ್ತೆಗಿಂತ ಎರಡು ವರ್ಷ ದೊಡ್ಡವಳು, ಕಾರ್ಖಾನೆಗೆ ಸೇರಿದ್ದೂ ಅತ್ತೆಗಿಂತ ಮೊದಲು. ಒಂದೇ ಒಂದು ಕುರ್ಚಿ ಹಾಕಿದ್ದರು, ಅದರಲ್ಲಿ ದೊಡ್ಡ ಯಜಮಾನರು. ಎಂಬತ್ತರ ಹತ್ತಿರ ವಯಸ್ಸು, ಕೋಟು, ಕೋಲು, ಬೆಳ್ಳಗೆ ತೊಳೆದಿಟ್ಟಂಥ ಮುಖ. ಅಜ್ಜಿಯ ಚೀಲ ಸುರಿಸಿದ ಯಜಮಾನರ ಮಗ ಇವರೇ.

ಮೇಡಂ ಫೋನನ್ನು ಸ್ಟ್ಯಾಂಡಿಗೆ ಸಿಕ್ಕಿಸಿ, ತಾಜಾ ಬ್ರೆಡ್ಡಿನ ಪ್ಯಾಕೆಟ್ಟು ಒಡೆದು ತಟ್ಟೆಯಲ್ಲಿಟ್ಟರು. ಅತ್ತೆ ಆ ತಟ್ಟೆಯನ್ನು ಬೆರಳಿನಿಂದ ಪಕ್ಕಕ್ಕೆ ತಳ್ಳಿದಳು. ಕೈಚೀಲದಿಂದ ಬಟ್ಟೆಯ ಗಂಟು ತೆಗೆದು ಬಿಚ್ಚಿದಳು. ಎರಡು ದಿನ ಒಣಗಿದ ತುದಿಗಳು. ನೆರೆದವರಲ್ಲಿ ಗುಸುಗುಸು ಎದ್ದಿತು.

"ಅಮ್ಮ, ಇದೇನು?" ಎಂದರು ಮೇಡಂ.

"ತುದಿ." ಆಮೇಲೆ ಇನ್ನೊಮ್ಮೆ, ಹಿಂದಿನ ಸಾಲಿಗೂ ಕೇಳುವ ಹಾಗೆ: "ತುದಿ. ಮೊನ್ನೆ ನನ್ನ ಮಷೀನಿನ ತಟ್ಟೆಯಿಂದ ತಗೊಂಡು ಹೋಗಿದ್ದೆ. ಮೂವತ್ತೆಂಟು ವರ್ಷದಿಂದ ತಗೊಂಡು ಹೋಗ್ತಿದ್ದೀನಿ. ಮಾಡೋದು ಇದರಲ್ಲೇ. ಬೇಕಾದ್ರೆ ತೆಗೀರಿ ವಿಡಿಯೋ."

ಮೇಡಂ ಯಜಮಾನರ ಮುಖ ನೋಡಿದರು. ಅವರು ಕೋಲು ಎತ್ತಿ, ನಡೆಯಲಿ ಎಂಬಂತೆ ಸನ್ನೆ ಮಾಡಿದರು. ಅತ್ತೆ ಮಾಡಿದಳು. ಚುಚ್ಚಿದಳು, ನೆನೆಸಿದಳು, "ಈಗ ಮುಖ ತೊಳ್ಕೊಂಡು ಬರಬೇಕು" ಎಂದು ನಿಜವಾಗಿಯೂ ಮೂಲೆಯ ನಲ್ಲಿಗೆ ಹೋಗಿ ಮುಖ ತೊಳೆದು ಬಂದಳು. ಕೆಲವರು ನಕ್ಕರು. ಅವಳು ನಗಲಿಲ್ಲ. ಕಾವಲಿಯಿಂದ ಸಕ್ಕರೆ ಕಂದಾಗುವ ವಾಸನೆ ಎದ್ದಾಗ ನಗು ತಾನಾಗಿ ನಿಂತಿತು.

ಮೊದಲನೆಯದನ್ನು ತಟ್ಟೆಯಲ್ಲಿಟ್ಟು ಯಜಮಾನರ ಕೈಗೆ ಕೊಟ್ಟಳು. ಅವರು ಕಚ್ಚಿದ ಸದ್ದು ನನಗೂ ಕೇಳಿಸಿತು. ಕಣ್ಣು ಮುಚ್ಚಿ ಅಗಿದರು. ಪೂರ್ತಿ ಮುಗಿಸಿ ಬೆರಳು ನೆಕ್ಕಿದರು.

"ಎಷ್ಟು ಚೆನ್ನಾಗಿದೆಯಮ್ಮ! ಇಂಥದ್ದನ್ನ ನಾವು ಹಂದಿಗೆ ಹಾಕ್ತಿದ್ದೀವಲ್ಲ! ಯಾರು ಕಲಿಸಿದ್ದು ನಿನಗೆ?"

"ನಮ್ಮಮ್ಮ. ನನಗಿಂತ ಮೊದಲು ಇದೇ ಮಷೀನಿನ ಮುಂದೆ ಇದ್ದಳು. ಈ ತುದಿ ತಗೊಂಡು ಹೋಗಿದ್ದಕ್ಕೆ ನೀವೇ ಗೇಟಿನಲ್ಲಿ ಚೀಲ ಸುರಿಸಿ ಕಳ್ಳಿ ಅಂದ್ರಿ. ಮಾರನೇ ದಿನ ಕೆಲಸದಿಂದ ತೆಗೆದ್ರಿ."

ಯಜಮಾನರು ಹಣೆ ಸುಕ್ಕಾಗಿಸಿ ಬಹಳ ಹೊತ್ತು ಯೋಚಿಸಿದರು. ನಟನೆಯಲ್ಲ, ನಿಜವಾಗಿಯೂ ಹುಡುಕುತ್ತಿದ್ದರು. ಆಮೇಲೆ ತಲೆಯಾಡಿಸಿದರು.

"ನಾನಾ? ನೆನಪಿಲ್ಲಮ್ಮ. ಆ ಕಾಲದಲ್ಲಿ ಎಷ್ಟೋ ಜನ ಬಂದ್ರು, ಹೋದ್ರು. ಹೋಗಲಿ ಬಿಡು, ಹಳೇದು. ಆಕೆ ಹೆಸರನ್ನೂ ಕವರಿನ ಮೇಲೆ ಹಾಕಿಸೋಣ. 'ನಮ್ಮ ನೆಚ್ಚಿನ ಕೆಲಸಗಾರ್ತಿ' ಅಂತ."

ಆ ಮುದುಕನ ಕುರ್ಚಿಯನ್ನು ಹಿಂದಿನಿಂದ ಎಳೆದುಬಿಡಬೇಕು ಎನಿಸಿತು ನನಗೆ. ಒಬ್ಬಳ ಜೀವನವನ್ನು ಮಣ್ಣಿಗೆ ಸುರಿದವನಿಗೆ ಅದು ಸುರಿದದ್ದೇ ನೆನಪಿಲ್ಲ! ಅವಳು ಅರ್ಧ ಊರು ಸುತ್ತಿ ಮಾರುಕಟ್ಟೆಗೆ ಹೋದಳು, ಇವರು ಆರಾಮಾಗಿ ಮರೆತರು. ಬೆರಳು ಬೇರೆ ನೆಕ್ಕಿದರು.

"ನೆಚ್ಚಿನವಳು ಅಂತ ಬೇಡ" ಎಂದಳು ಅತ್ತೆ. "ಕಳ್ಳಿ ಅಲ್ಲ ಅಂತ ಹೇಳಿ. ಇಲ್ಲೇ. ಇವರೆಲ್ಲರ ಮುಂದೆ."

ಯಜಮಾನರು ಮೇಡಂ ಕಡೆ ನೋಡಿದರು, ಮೇಡಂ ನೆಲ ನೋಡಿದರು. ಆಗ ಮುಂದಿನ ಸಾಲಿನಿಂದ ಪ್ಯಾಕಿಂಗ್ ಅಕ್ಕ ಒಂದು ಹೆಜ್ಜೆ ಮುಂದೆ ಬಂದಳು.

"ಸಾರ್, ನಮ್ಮನೇಲೂ ತಿಂತೀವಿ. ನಾನೂ ಮೊದಲಿಂದ ಒಯ್ತಿದ್ದೀನಿ. ಡಬ್ಬೀಲಿ."

ಅವಳ ಹಿಂದೆ ಇನ್ನೊಬ್ಬಳು ಕೈ ಎತ್ತಿದಳು. "ನಾನೂ." ಓವನ್ನಿನ ಕಡೆಯ ಗಂಡಸೊಬ್ಬ, "ನಮ್ಮಮ್ಮನೂ ಇಲ್ಲೇ ಇದ್ದಳು, ಅವಳೂ ತರ್ತಿದ್ದಳು" ಎಂದ. ನಾನೂ, ನಾನೂ ಎಂಬ ಮಾತು ಹಿಂದಿನ ಸಾಲಿನ ತನಕ ಹಬ್ಬಿತು. ಪ್ರತಿ ಮನೆಯೂ ತನ್ನದೊಂದೇ ಕಳ್ಳಮನೆ ಎಂದುಕೊಂಡು, ಆ ಶಬ್ದವನ್ನು ನುಂಗಿಕೊಂಡು ಇಷ್ಟು ವರ್ಷ ಬದುಕಿತ್ತು. ನನಗೆ ಎದೆಯುಬ್ಬಿ ಬಂತು. ಗೆದ್ದೆವು ಎಂದುಕೊಂಡೆ. ಅತ್ತೆಯ ಮುಖ ನೋಡಿದೆ.

ಆ ಮುಖದಲ್ಲಿ ಗೆಲುವಿರಲಿಲ್ಲ. ಕೆಂಡವಿತ್ತು. ಅವಳು ಮಗುಚುವ ಸಟ್ಟುಗವನ್ನು ಮೇಜಿಗೆ ಕುಕ್ಕಿದಳು.

"ಈಗ ಹೇಳ್ತೀರಾ? ಈಗ! ಕೋಟೆ ಕೊಳ್ಳೆ ಹೋದ ಮೇಲೆ ದಿಡ್ಡಿ ಬಾಗಿಲು ಹಾಕೋಕೆ ಬಂದ್ರಾ? ಅವತ್ತು ಎಲ್ಲಿದ್ರಿ? ಅಕ್ಕಾ, ನೀನು ಅವತ್ತು ಅದೇ ಸಾಲಲ್ಲಿದ್ದೆ. ಅವಳಿಗಿಂತ ಮುಂದೆ. ನಿನ್ನ ಡಬ್ಬೀಲೂ ಇತ್ತು ಅಲ್ವಾ?"

ಪ್ಯಾಕಿಂಗ್ ಅಕ್ಕ ಬಾಯಿಗೆ ಸೆರಗು ಹಿಡಿದಳು. "ಇತ್ತು ಕಣೇ. ಮಕ್ಕಳಿದ್ದವು. ಹೆದರಿಕೆ ಆಯ್ತು."

"ಅವಳಿಗೆ ಮಕ್ಕಳಿರಲಿಲ್ವಾ? ಸಾಲಲ್ಲಿ ನಲವತ್ತು ಜನ. ಒಬ್ಬರು, ಒಬ್ಬರೇ ಒಬ್ಬರು ಡಬ್ಬಿ ಮುಚ್ಚಳ ತೆಗೆದು 'ನನ್ನದ್ರಲ್ಲೂ ಇದೆ, ನನ್ನನ್ನೂ ಕಳ್ಳಿ ಅನ್ನಿ' ಅಂದಿದ್ರೆ, ನಲವತ್ತೂ ಜನ ಅಂದಿದ್ರೆ, ಇವರು ಎಷ್ಟು ಜನರನ್ನ ತೆಗೀತಿದ್ರು? ಯಾವ ಮಷೀನು ಓಡ್ತಿತ್ತು?"

ಯಜಮಾನರು ಕೋಲಿನ ಹಿಡಿಯನ್ನು ಸವರುತ್ತಿದ್ದರು. ನಾನು ಅತ್ತೆಯ ತೋಳು ಹಿಡಿದು ಮೆಲ್ಲಗೆ, "ಸಾಕು ಅತ್ತೆ. ನೀನು ಅವತ್ತು ಇಲ್ಲಿದ್ದಿದ್ರೆ ಹೇಳ್ತಿದ್ದೆ, ನನಗೆ ಗೊತ್ತು" ಎಂದೆ.

ಅವಳು ನನ್ನ ಕೈ ಕೊಡವಿದಳು. ನನ್ನನ್ನೂ ಸೇರಿಸಿ ಎಲ್ಲರನ್ನೂ ನೋಡಿದಳು.

"ಇದ್ದೆ. ಬೇರೆ ಪಾಳಿ ಅಂತ ಅಮ್ಮ ತಮ್ಮನಿಗೆ ಸುಳ್ಳು ಹೇಳಿದ್ದಳು. ನಾನು ಅವಳ ಬೆನ್ನ ಹಿಂದೇನೇ ನಿಂತಿದ್ದೆ. ಡಬ್ಬಿ ನೋಡಲ್ಲ, ಚೀಲ ನೋಡ್ತಾರೆ ಅಂತ ಅವಳಿಗೆ ಗೊತ್ತಿತ್ತು. ಅದಕ್ಕೇ ಡಬ್ಬಿ ನನಗೆ ಕೊಟ್ಟಿದ್ದಳು, ಚೀಲ ಅವಳು ಹಿಡ್ಕೊಂಡಿದ್ದಳು. ಸುರಿಸಿದಾಗ ನನ್ನ ಕಾಲ ಹತ್ರಾನೇ ಬಿದ್ವು. ಅವಳು ತಿರುಗಿ ನೋಡಲಿಲ್ಲ. ನೋಡಿದ್ರೆ ನನ್ನನ್ನೂ ಹಿಡೀತಾರೆ ಅಂತ. ನಾನು ಸುಮ್ಮನೆ ಅವಳ ಪಕ್ಕದಿಂದ ದಾಟಿ ಹೊರಗೆ ಹೋದೆ. ಯಾರೋ ಗುರುತಿಲ್ಲದವಳ ಹಾಗೆ."

ಅವಳ ದನಿ ಅದೇ, ಆ ರೆಕಾರ್ಡಿನ ಮೆತ್ತಗಿನ ದನಿಗೆ ಇಳಿದಿತ್ತು.

"ನನ್ನ ಡಬ್ಬೀಲಿ ನಾಲ್ಕು ತುದಿ ಇದ್ವು. ಒಣಗಿಸೋ ತನಕ ಕಾಯಲಿಲ್ಲ. ಅವತ್ತು ಸಂಜೇನೇ ಅವಳು ಅದನ್ನ ಮಾಡಿದಳು. ತಮ್ಮನಿಗೆ ಎರಡು, ನನಗೆ ಎರಡು. ಅವಳು ಏನೂ ಅನ್ನಲಿಲ್ಲ, ಸಕ್ಕರೆ ಇನ್ನೊಂಚೂರು ಹಾಕ್ಲಾ ಅಂತ ಕೇಳಿದಳು. ಹಾಕು ಅಂದೆ. ಎರಡನ್ನೂ ತಿಂದೆ."